ಎಲ್ಲವೂ ಎಲ್ಲದಕ್ಕಿಂತ ಜೋರಾಗಿ

1981ರ ಜೂನ್ ತಿಂಗಳಲ್ಲಿ ಬ್ರಿಟನ್ನಿನ ಆಲ್ಬಂ ಪಟ್ಟಿಯ ತುದಿಗೆ ಏರಿ ಕೂತದ್ದು ಮೋಟರ್‌ಹೆಡ್ ಎಂಬ ಮೂವರ ತಂಡದ ಲೈವ್ ರೆಕಾರ್ಡು. ಹೆಸರು ‘ನೋ ಸ್ಲೀಪ್ ಟಿಲ್ ಹ್ಯಾಮರ್‌ಸ್ಮಿತ್’. ಹ್ಯಾಮರ್‌ಸ್ಮಿತ್ ಎಂದರೆ ಲಂಡನ್ನಿನ ಒಂದು ಬಡಾವಣೆ. ಅಲ್ಲಿನ ಓಡಿಯನ್ ಸಭಾಂಗಣದಲ್ಲಿ ನುಡಿಸಿ ಬಂದರೆ ತಂಡಕ್ಕೊಂದು ಬೆಲೆ ಬಂತು ಎಂದು ಲೆಕ್ಕ. ತಮಾಷೆಯೆಂದರೆ ಈ ರೆಕಾರ್ಡಿನಲ್ಲಿ ಹ್ಯಾಮರ್‌ಸ್ಮಿತ್‌ನಲ್ಲಿ ನುಡಿಸಿದ ಒಂದು ಹಾಡೂ ಇಲ್ಲ. ಬಹುಪಾಲು ಹಾಡುಗಳು ಆ ವರ್ಷದ ಮಾರ್ಚಿನಲ್ಲಿ ಉತ್ತರ ಇಂಗ್ಲೆಂಡಿನ ಲೀಡ್ಸ್ ಮತ್ತು ನ್ಯೂಕ್ಯಾಸಲ್ ಊರುಗಳಲ್ಲಿ ಮುದ್ರಣಗೊಂಡವು. ಹೆಸರಿಗೂ ವಿಳಾಸಕ್ಕೂ ತಾಳಮೇಳವಿಲ್ಲದಿದ್ದರೂ ಕೊಂಡವರಾರೂ ತಕರಾರು ತೆಗೆಯಲಿಲ್ಲ. ತಂಡದ ಹಾಡುಗಾರ ಲೆಮ್ಮಿ ಬೇಸ್ ಗಿಟಾರನ್ನು ಬೇಸ್ ಗಿಟಾರಿನಂತೆ ನುಡಿಸುವುದೇ ಇಲ್ಲ. ಎರಡು ಮೂರು ತಂತಿಗಳನ್ನು ಒಟ್ಟಿಗೆ ಬಾರಿಸಿ, ಮಾರ್ಷಲ್ ಆಂಪ್ಲಿಫೈಯರಿನಲ್ಲಿ ಅದನ್ನು ಜಜ್ಜಿ, ಮುಖ ಮೇಲೆತ್ತಿ, ತಲೆಗಿಂತ ಎತ್ತರದಲ್ಲಿ ತೂಗುವ ಮೈಕಿಗೆ ಗಂಟಲು ಹರಿದುಕೊಳ್ಳುತ್ತಾನೆ. ಡ್ರಮ್ಸಿನ ಫಿಲ್ ಟೇಲರ್ ಅದಕ್ಕೂ ಸ್ವಲ್ಪ ಮುಂಚೆ ಕತ್ತಿಗೆ ಪೆಟ್ಟು ಮಾಡಿಕೊಂಡಿದ್ದ. ಬಾರಿಸುವ ರಭಸ ಕೇಳಿದರೆ ಅದು ಗೊತ್ತಾಗುವುದಿಲ್ಲ.

ಅವೇ ಹಾಡುಗಳ ಸ್ಟುಡಿಯೋ ಆವೃತ್ತಿಗಳು ಆಗಲೇ ಅಂಗಡಿಯಲ್ಲಿದ್ದವು. ಸ್ವರ ಸ್ವರವೂ ಬಿಡಿಸಿ ಕೇಳುವಂಥ, ಅಳತೆಯಲ್ಲಿ ಇಟ್ಟ ಆವೃತ್ತಿಗಳು. ಲೈವ್ ರೆಕಾರ್ಡಿನಲ್ಲಿ ಬಹುತೇಕ ಹಾಡುಗಳ ವೇಗ ಹೆಚ್ಚು, ವಾದ್ಯಗಳು ಒಂದರ ಮೇಲೊಂದು ಬೀಳುತ್ತವೆ, ಮಾತು ಅರ್ಧ ಕೇಳಿಸುವುದಿಲ್ಲ. ಆದರೂ ಬ್ರಿಟನ್ನಿನಲ್ಲಿ ಮೋಟರ್‌ಹೆಡ್‌ಗೆ ಮೊದಲ ಸ್ಥಾನ ಕೊಡಿಸಿದ್ದು ಇದೊಂದೇ. 2015ರಲ್ಲಿ ಲೆಮ್ಮಿ ತೀರಿಕೊಳ್ಳುವವರೆಗೆ ಆತ ಮಾಡಿದ ಇನ್ನಾವ ಆಲ್ಬಮ್ಮೂ ಅಲ್ಲಿ ಆ ಜಾಗ ಮುಟ್ಟಲಿಲ್ಲ.

ಶುದ್ಧವಾದದ್ದು ಕೈಗೆ ಸಿಗುವಾಗ ಒರಟಾದದ್ದನ್ನೇ ಯಾಕೆ ಜನ ಹುಡುಕಿ ಕೇಳುತ್ತಾರೆ? ಹೆವಿ ಮೆಟಲ್ ಎಂಬ ಈ ಸಂಗೀತದ ಅಭಿಮಾನಿಯನ್ನು ಕೇಳಿದರೆ ಥಟ್ಟನೆ ಬರುವ ಉತ್ತರ: ಲೈವ್‌ನಲ್ಲಿ ಮೋಸ ಇರುವುದಿಲ್ಲ. ಈ ಉತ್ತರ ನಿಲ್ಲುವುದಿಲ್ಲ. ಲೈವ್ ರೆಕಾರ್ಡುಗಳಲ್ಲಿ ನಡೆದಿರುವ ಮೋಸದ ಕಥೆ ಮುಂದೆ ಹೇಳುತ್ತೇನೆ, ಅದೇ ಒಂದು ಪುರಾಣ. ಕಾರಣವನ್ನು ಬೇರೆ ಕಡೆ ಹುಡುಕಬೇಕು. ನನ್ನ ಲೆಕ್ಕದಲ್ಲಿ ಅದು ಈ ಸಂಗೀತ ಹುಟ್ಟಿದ ಬಗೆಯಲ್ಲೇ ಇದೆ.

ವಿದ್ಯುತ್ ಗಿಟಾರಿನ ತಂತಿ ಮೀಟಿದಾಗ ಹುಟ್ಟುವ ಅಲೆ ತೀರ ಸಣ್ಣದು. ಅದನ್ನು ಹಿಗ್ಗಿಸುವುದು ಆಂಪ್ಲಿಫೈಯರಿನ ಕೆಲಸ. ವಾಲ್ವ್ ಹಾಕಿದ ಹಳೆಯ ಆಂಪ್ಲಿಫೈಯರಿಗೆ ಅದರ ತಾಕತ್ತು ಮೀರಿ ಕೆಲಸ ಕೊಟ್ಟರೆ ಅಲೆ ಮೇಲಕ್ಕೆ ಹೋಗಲಾರದೆ ನೆತ್ತಿಯಲ್ಲಿ ಚಪ್ಪಟೆಯಾಗುತ್ತದೆ. ಹಾಗೆ ಚಪ್ಪಟೆಯಾದ ಅಲೆಯಲ್ಲಿ ಮೂಲ ಸ್ವರದ ಜೊತೆಗೆ, ಮೊದಲು ಕಿವಿಗೇ ಬೀಳದಿದ್ದ ಹತ್ತಾರು ಮೇಲಿನ ಸ್ವರಗಳು ಎದ್ದು ಬರುತ್ತವೆ. ರೇಡಿಯೋ ರಿಪೇರಿ ಮಾಡುವವರು ಇದನ್ನು ಡಿಸ್ಟಾರ್ಷನ್ ಎಂದು ಕರೆದು, ದೋಷದ ಪಟ್ಟಿಗೆ ಸೇರಿಸಿದ್ದರು. ಮೆಟಲ್ ಗಿಟಾರಿಸ್ಟನ ಬಂಡವಾಳವೇ ಆ ದೋಷ.

ಇನ್ನೂ ಒಂದು ಚೋದ್ಯವಿದೆ. ಮೆಟಲ್‌ನಲ್ಲಿ ಅತಿ ಹೆಚ್ಚು ಬಳಕೆಯಾಗುವ ‘ಪವರ್ ಕಾರ್ಡ್’ ಅಂದರೆ ನಮ್ಮ ಲೆಕ್ಕದಲ್ಲಿ ಷಡ್ಜ ಮತ್ತು ಪಂಚಮ ಒಟ್ಟಿಗೆ ನುಡಿಯುವುದು, ಅಷ್ಟೇ. ಗಿಟಾರಿನ ಅತ್ಯಂತ ದಪ್ಪ ತಂತಿ ಸೆಕೆಂಡಿಗೆ ಸುಮಾರು 82 ಸಲ ಕಂಪಿಸುತ್ತದೆ, ಅದರ ಪಂಚಮ ಸುಮಾರು 123 ಸಲ. ಸ್ವಚ್ಛವಾಗಿ ನುಡಿಸಿದರೆ ಈ ಎರಡೇ ಸ್ವರ. ಇವೆರಡನ್ನೂ ತಾಳಲಾರದ ಆಂಪ್ಲಿಫೈಯರಿನ ಮೂಲಕ ಹಾಯಿಸಿದರೆ ಅವುಗಳ ವ್ಯತ್ಯಾಸ, ಅಂದರೆ 41, ಮೂರನೆಯ ಸ್ವರವಾಗಿ ಹುಟ್ಟುತ್ತದೆ. ಅದು ಷಡ್ಜದ ಕೆಳಗಿನ ಮಂದ್ರ ಷಡ್ಜ. ಗಿಟಾರಿನಲ್ಲಿ ಅಂಥ ತಂತಿಯೇ ಇಲ್ಲ! ಯಾರೂ ಮೀಟದ ಸ್ವರವೊಂದು ಯಂತ್ರದ ಒದ್ದಾಟದಲ್ಲಿ ಹುಟ್ಟಿ ನೆಲದಿಂದ ಮೈಗೆ ಏರುತ್ತದೆ. ಹೆವಿ ಮೆಟಲ್‌ನ ‘ಹೆವಿ’ ಬಹುಪಾಲು ಇದೇ.

ಈ ಸಂಗೀತದ ಮೂಲಪುರುಷ ಎನ್ನಬಹುದಾದ ಟೋನಿ ಅಯೋಮಿಯ ಕಥೆಯೂ ಇದಕ್ಕೆ ಹೊಂದುತ್ತದೆ. ಬರ್ಮಿಂಗ್‌ಹ್ಯಾಮಿನ ತಗಡು ಕಾರ್ಖಾನೆಯಲ್ಲಿ ಹದಿನೇಳರ ಹುಡುಗನಾಗಿದ್ದಾಗ, ಕೆಲಸದ ಕೊನೆಯ ದಿನವೇ ಯಂತ್ರಕ್ಕೆ ಸಿಕ್ಕಿ ಅವನ ಬಲಗೈಯ ಎರಡು ಬೆರಳುಗಳ ತುದಿ ಹೋಯಿತು. ಎಡಚನಾದ್ದರಿಂದ ತಂತಿ ಒತ್ತುವ ಕೈ ಅದು. ಪ್ಲಾಸ್ಟಿಕ್ ಬಾಟಲಿ ಕರಗಿಸಿ ಬೆರಳಿಗೆ ಟೋಪಿ ಮಾಡಿಕೊಂಡ. ತೆಳು ತಂತಿ ಹಾಕಿದ. ಮುಂದೆ ಶ್ರುತಿಯನ್ನೇ ಕೆಳಗಿಳಿಸಿದ. ಅವನ ತಂಡ ಬ್ಲ್ಯಾಕ್ ಸಬ್ಬತ್ ತನ್ನ ಮೊದಲ ಆಲ್ಬಮ್ಮನ್ನು 1969ರ ಅಕ್ಟೋಬರಿನಲ್ಲಿ ಲಂಡನ್ನಿನಲ್ಲಿ ಒಂದೇ ದಿನದಲ್ಲಿ ಮುಗಿಸಿತು. ಕ್ಲಬ್ಬುಗಳಲ್ಲಿ ರಾತ್ರಿ ರಾತ್ರಿ ನುಡಿಸುತ್ತಿದ್ದುದನ್ನೇ ಸ್ಟುಡಿಯೋದಲ್ಲಿ ನಿಂತು ನುಡಿಸಿದರು, ಆಜಿ ಆಸ್ಬರ್ನ್ ಪಕ್ಕದ ಸಣ್ಣ ಕೋಣೆಯಲ್ಲಿ ಅದೇ ಹೊತ್ತಿಗೆ ಹಾಡಿದ. 1970ರ ಫೆಬ್ರವರಿಯಲ್ಲಿ ಅದು ಹೊರಬಂತು. ಹೆವಿ ಮೆಟಲ್ಲಿನ ಮೊದಲ ಆಲ್ಬಂ ಎಂದು ಬಹುತೇಕರು ಒಪ್ಪುವ ಈ ರೆಕಾರ್ಡು, ಸರಿಯಾಗಿ ನೋಡಿದರೆ, ಕೇಳುಗರಿಲ್ಲದ ಒಂದು ಲೈವ್ ಕಾರ್ಯಕ್ರಮ.

ನಾನು ಹೇಳಹೊರಟಿರುವುದು ಇಷ್ಟು. ಸಾಧನಗಳು ಸೋಲುವ ಸದ್ದನ್ನೇ ಭಾಷೆ ಮಾಡಿಕೊಂಡ ಸಂಗೀತ ಇದು. ಕಾರ್ಯಕ್ರಮದಲ್ಲಿ ಸೋಲುವುದು ಆಂಪ್ಲಿಫೈಯರ್ ಒಂದೇ ಅಲ್ಲ. ಸ್ಪೀಕರ್ ಸೋಲುತ್ತದೆ, ಸಭಾಂಗಣದ ಗೋಡೆಗಳು ಸದ್ದನ್ನು ಹಿಡಿಯಲಾರದೆ ವಾಪಸು ಎಸೆಯುತ್ತವೆ, ಮೈಕು ತುಂಬಿ ಹೋಗುತ್ತದೆ, ಟೇಪು ತುಂಬಿ ಹೋಗುತ್ತದೆ. ಅಯಸ್ಕಾಂತೀಯ ಟೇಪಿಗೆ ಸದ್ದು ಹೆಚ್ಚಾದಾಗ ಅದೂ ವಾಲ್ವಿನ ಹಾಗೆಯೇ ಅಲೆಯ ನೆತ್ತಿಯನ್ನು ನಿಧಾನವಾಗಿ ದುಂಡಗೆ ಮಾಡುತ್ತದೆ. ಹಾಗಾಗಿ ಒರಟು ರೆಕಾರ್ಡಿಂಗ್ ಎಂಬುದು ಮೆಟಲ್‌ಗೆ ಅಂಟಿದ ಕೊಳೆಯಲ್ಲ, ಅದರ ವ್ಯಾಕರಣದ ಇನ್ನೊಂದು ವಿಭಕ್ತಿ. ನಮ್ಮ ಕರಾವಳಿಯಲ್ಲಿ 1990ರಲ್ಲಿ ಅಕಾಲದಲ್ಲಿ ತೀರಿಕೊಂಡ ಯಕ್ಷಗಾನ ಭಾಗವತ ಕಾಳಿಂಗ ನಾವಡರ ಆಟದ ಕ್ಯಾಸೆಟ್ಟುಗಳನ್ನು ಈಗಲೂ ಕೇಳುವವರಿದ್ದಾರೆ. ಅಲ್ಲೂ ಚೆಂಡೆಗೆ ಮೈಕು ಒಡೆಯುತ್ತದೆ, ಟೇಪು ಸುಯ್ಯೆನ್ನುತ್ತದೆ. ಅಲ್ಲಿನ ಕೇಳುಗರು ಆ ಗದ್ದಲವನ್ನು ನಾವಡರ ಕಂಠಕ್ಕಾಗಿ ಸಹಿಸುತ್ತಾರೆ. ಮೆಟಲ್ ಕೇಳುಗ ಗದ್ದಲವನ್ನು ಸಹಿಸುವುದಿಲ್ಲ, ಬೇಕೆಂದು ಕೇಳುತ್ತಾನೆ.

ಇದರ ದೊಡ್ಡ ಉದಾಹರಣೆ ಡೀಪ್ ಪರ್ಪಲ್ ತಂಡದ ‘ಮೇಡ್ ಇನ್ ಜಪಾನ್’. 1972ರ ಆಗಸ್ಟ್ 15 ಮತ್ತು 16ರಂದು ಒಸಾಕಾ, 17ರಂದು ಟೋಕಿಯೋದ ಬುಡೋಕಾನ್. ಮೂರೇ ರಾತ್ರಿ. ರೆಕಾರ್ಡ್ ಮಾಡಬೇಕೆಂದು ಹಟ ಹಿಡಿದದ್ದು ಜಪಾನಿನ ರೆಕಾರ್ಡ್ ಕಂಪನಿ. ತಂಡಕ್ಕೆ ಉತ್ಸಾಹವಿರಲಿಲ್ಲ, ಜಪಾನಿನಲ್ಲಿ ಮಾತ್ರ ಬಿಡುಗಡೆಯಾಗಲಿ ಎಂಬ ಎಣಿಕೆ. ಧ್ವನಿಮುದ್ರಣಕ್ಕೆ ನಿಂತವನು ಮಾರ್ಟಿನ್ ಬರ್ಚ್, ಕೈಯಲ್ಲಿದ್ದದ್ದು ಎಂಟು ಟ್ರ್ಯಾಕಿನ ಯಂತ್ರ. ಆಮೇಲೆ ಸ್ಟುಡಿಯೋದಲ್ಲಿ ಏನನ್ನೂ ಸೇರಿಸಲಿಲ್ಲ. ಮಿಕ್ಸಿಂಗ್ ನಡೆಯುವಾಗ ಹಾಡುಗಾರ ಇಯಾನ್ ಗಿಲನ್ ಆಗಲಿ ಗಿಟಾರಿನ ರಿಚಿ ಬ್ಲ್ಯಾಕ್‌ಮೋರ್ ಆಗಲಿ ಅತ್ತ ಸುಳಿಯಲಿಲ್ಲ. ಹೀಗೆ ಮನಸ್ಸಿಲ್ಲದ ಮನಸ್ಸಿನಿಂದ ಆದ ರೆಕಾರ್ಡು ಜಗತ್ತೆಲ್ಲ ಮಾರಾಟವಾಗಿ, ಐವತ್ತು ವರ್ಷ ದಾಟಿದರೂ ಲೈವ್ ರೆಕಾರ್ಡುಗಳ ಮಾತು ಬಂದಾಗ ಮೊದಲು ಬಾಯಿಗೆ ಬರುವ ಹೆಸರಾಗಿ ಉಳಿದಿದೆ.

ಅದರಲ್ಲಿ ಕೇಳಬೇಕಾದ್ದು ಗಿಲನ್ನನ ಕಿರುಚಾಟ ಮಾತ್ರವಲ್ಲ. ಬ್ಲ್ಯಾಕ್‌ಮೋರ್ ಒಂದು ಹಾಡಿನ ಆರಂಭದಲ್ಲಿ ಸ್ವರಗಳನ್ನು ಎಳೆದು ಆಡಿಸುವಾಗ ಡ್ರಮ್ಮಿನ ಇಯಾನ್ ಪೇಸ್ ಎಲ್ಲಿ ಕೈ ಹಾಕಬೇಕೆಂದು ಕಾಯುವುದು ಕೇಳಿಸುತ್ತದೆ. ಜಾನ್ ಲಾರ್ಡ್ ಹ್ಯಾಮಂಡ್ ಆರ್ಗನ್ನನ್ನು ಗಿಟಾರಿನ ಆಂಪ್ಲಿಫೈಯರಿಗೆ ಹಚ್ಚಿ ಅದನ್ನೂ ಗುರುಗುಟ್ಟಿಸುತ್ತಾನೆ. ಗಿಟಾರ್ ಒಂದು ದಾರಿ ಹಿಡಿದು ಹೋದರೆ ಕಂಠ ಅದನ್ನು ಅನುಕರಿಸುತ್ತ ಹಿಂದೆ ಓಡುತ್ತದೆ, ಯಾರು ಮೊದಲು ಸುಸ್ತಾಗುತ್ತಾರೋ ಎಂದು ಸಭೆ ಕಾಯುತ್ತದೆ. ಹಾಡುಗಳ ನಡುವೆ ಒಂದೆಡೆ ವೇದಿಕೆಯಿಂದ ಸೌಂಡ್ ಇಂಜಿನಿಯರಿಗೆ ಒಂದು ಬೇಡಿಕೆ ಹೋಗುತ್ತದೆ: ಎಲ್ಲವೂ ಎಲ್ಲದಕ್ಕಿಂತ ಜೋರಾಗಿ ಕೇಳಬೇಕಂತೆ. ಗಣಿತಕ್ಕೆ ಒಗ್ಗದ ಈ ಬೇಡಿಕೆಗಿಂತ ಚೆನ್ನಾಗಿ ಹೆವಿ ಮೆಟಲ್ಲಿನ ಲಕ್ಷಣವನ್ನು ಯಾರೂ ಹೇಳಿಲ್ಲ. ಲೆಮ್ಮಿಗೂ ಅದು ಹಿಡಿಸಿರಬೇಕು, 1999ರಲ್ಲಿ ಬಂದ ಮೋಟರ್‌ಹೆಡ್ ಲೈವ್ ಆಲ್ಬಮ್ಮಿಗೆ ಆ ಮಾತನ್ನೇ ತುಸು ತಿರುಚಿ ಹೆಸರಿಟ್ಟರು.

ಇನ್ನು ಮೋಸದ ಪುರಾಣ. ಅಮೆರಿಕದ ಕಿಸ್ ತಂಡದ ‘ಅಲೈವ್!’ 1975ರದ್ದು, ಅವರನ್ನು ದೊಡ್ಡ ತಂಡ ಮಾಡಿದ್ದೇ ಅದು. ಅದರ ಬಹುಭಾಗವನ್ನು ಸ್ಟುಡಿಯೋದಲ್ಲಿ ಮತ್ತೆ ನುಡಿಸಿ ತುಂಬಿಸಲಾಗಿತ್ತು ಎಂಬುದು ಆಮೇಲೆ ಬಯಲಾಯಿತು. ಥಿನ್ ಲಿಜ್ಜಿ ತಂಡದ 1978ರ ಲೈವ್ ಆಲ್ಬಮ್ಮಿನ ಬಗ್ಗೆ ನಿರ್ಮಾಪಕ ಟೋನಿ ವಿಸ್ಕಾಂಟಿ ಒಂದು ಹೇಳುತ್ತಾನೆ, ತಂಡದವರು ಇನ್ನೊಂದು ಹೇಳುತ್ತಾರೆ, ವ್ಯಾಜ್ಯ ಇನ್ನೂ ಮುಗಿದಿಲ್ಲ. ಜೂಡಸ್ ಪ್ರೀಸ್ಟ್ ತಂಡ 1979ರಲ್ಲಿ ಟೋಕಿಯೋದಲ್ಲಿ ನುಡಿಸಿದ್ದನ್ನು ‘ಅನ್‌ಲೀಶ್ಡ್ ಇನ್ ದಿ ಈಸ್ಟ್’ ಎಂದು ಹೊರತಂದಾಗ ಅದರ ಹಾಡುಗಾರಿಕೆ ತೀರಾ ಚೊಕ್ಕವಾಗಿದೆ ಎಂದು ಜನಕ್ಕೆ ಗುಮಾನಿ ಬಂತು. ‘ಈಸ್ಟ್’ ತೆಗೆದು ‘ಸ್ಟುಡಿಯೋ’ ಎಂದು ಸೇರಿಸಿ ಲೇವಡಿ ಮಾಡಿದರು. ರಾಬ್ ಹ್ಯಾಲ್ಫರ್ಡ್ ಮುಂದೆ ಒಪ್ಪಿಕೊಂಡ, ಕಂಠವನ್ನು ಮತ್ತೆ ಹಾಡಿ ಕೂಡಿಸಿದ್ದು ಹೌದೆಂದು.

ಮತ್ತೆ ಹಾಡಿ ಕೂಡಿಸುವುದು ಹೇಳಿದಷ್ಟು ಸುಲಭವಲ್ಲ. ವೇದಿಕೆಯ ಮೇಲೆ ಪ್ರತಿ ಮೈಕಿಗೂ ಪಕ್ಕದವನ ಸದ್ದು ಸೋರಿ ಬರುತ್ತದೆ. ಹಾಡುಗಾರನ ಮೈಕಿನಲ್ಲಿ ಅವನ ಹಿಂದೆ ಕೂತ ಡ್ರಮ್ಮು ಇರುತ್ತದೆ, ಡ್ರಮ್ಮಿನ ಮೈಕಿನಲ್ಲಿ ಗಿಟಾರು ಇರುತ್ತದೆ. ಅಪಸ್ವರವೊಂದನ್ನು ಕತ್ತರಿಸಿದರೆ ಅದರ ಜೊತೆ ಡ್ರಮ್ಮಿನ ಅಂಚೂ ಹೋಗುತ್ತದೆ, ಸಭಾಂಗಣದ ಗಾಳಿಯೂ ಹೋಗುತ್ತದೆ. ಈ ಸೋರಿಕೆ ಹೆಚ್ಚಿರುವ ರೆಕಾರ್ಡಿಂಗನ್ನು ತಿದ್ದುವುದು ಕಷ್ಟ. ಬಹಳಷ್ಟು ಕಚ್ಚಾ ರೆಕಾರ್ಡುಗಳು ಪ್ರಾಮಾಣಿಕವಾಗಿ ಉಳಿದಿರುವುದಕ್ಕೆ ಕಲಾವಿದರ ಸತ್ಯಸಂಧತೆಗಿಂತ ಈ ಸೋರಿಕೆಯೇ ಹೆಚ್ಚು ಕಾರಣವಿರಬಹುದು!

ಹಾಗಾದರೆ ಜೂಡಸ್ ಪ್ರೀಸ್ಟ್ ರೆಕಾರ್ಡನ್ನು ಎಸೆಯಬೇಕೆ? ಬೇಡ. ಅದು ಈಗಲೂ ಮೈ ಕುದಿಸುವ ರೆಕಾರ್ಡು. ಗ್ಲೆನ್ ಟಿಪ್ಟನ್ ಮತ್ತು ಕೆ. ಕೆ. ಡೌನಿಂಗ್ ಇಬ್ಬರ ಗಿಟಾರುಗಳು ಸ್ಟುಡಿಯೋ ಆಲ್ಬಂಗಳಲ್ಲಿ ಇಲ್ಲದಷ್ಟು ಹರಿತವಾಗಿವೆ, ತಾಳ ಮುಂದಕ್ಕೆ ವಾಲುತ್ತದೆ. ಅಭಿಮಾನಿಗೆ ಬೇಕಾದ್ದು ದಾಖಲೆಯ ಸತ್ಯವೇ ಆಗಿದ್ದರೆ ಇದು ಎಂದೋ ಮೂಲೆಗೆ ಬೀಳಬೇಕಿತ್ತು. ಬಿದ್ದಿಲ್ಲ. ಅವನಿಗೆ ಬೇಕಾದ ಒತ್ತಡ ಆ ರೆಕಾರ್ಡಿನಲ್ಲಿ ಉಳಿದಿದೆ.

ಒತ್ತಡ ಹೋದರೆ ಏನಾಗುತ್ತದೆ ಎಂಬುದಕ್ಕೆ ಬ್ಲ್ಯಾಕ್ ಸಬ್ಬತ್‌ನದೇ ‘ಲೈವ್ ಈವಿಲ್’ ನೋಡಬಹುದು. 1982ರಲ್ಲಿ ರಾನಿ ಜೇಮ್ಸ್ ಡಿಯೋ ಹಾಡುಗಾರನಾಗಿದ್ದಾಗಿನ ರೆಕಾರ್ಡಿಂಗ್. ಮಿಕ್ಸಿಂಗ್ ವೇಳೆ ಡಿಯೋ ಮತ್ತು ಡ್ರಮ್ಮರ್ ವಿನ್ನಿ ಆಪಿಸ್ ಕದ್ದು ಸ್ಟುಡಿಯೋಗೆ ಹೋಗಿ ತಮ್ಮ ತಮ್ಮ ಸದ್ದನ್ನು ಏರಿಸುತ್ತಿದ್ದಾರೆ ಎಂದು ಅಯೋಮಿ ಮತ್ತು ಬೇಸ್ ವಾದಕ ಗೀಜರ್ ಬಟ್ಲರ್ ದೂರಿದರು, ಅವರಿಬ್ಬರು ಅಲ್ಲಗಳೆದರು, ಕೊನೆಗೆ ತಂಡವೇ ಒಡೆಯಿತು. ಜಗಳದಲ್ಲಿ ಯಾರದು ಸರಿಯೋ, ರೆಕಾರ್ಡು ಮಾತ್ರ ಸೊರಗಿತು. ಸಭೆಯ ಸದ್ದನ್ನು ದೂರ ತಳ್ಳಿ, ನಾಲ್ವರು ನಾಲ್ಕು ಕೋಣೆಯಲ್ಲಿದ್ದಂತೆ ಕೇಳುತ್ತದೆ. ಡಿಯೋ ಅದ್ಭುತವಾಗಿ ಹಾಡಿದ್ದಾನೆ, ಆದರೂ ನಾನು ಅದನ್ನು ಪೂರ್ತಿ ಕೇಳುವುದು ಅಪರೂಪ.

ಸಭೆಯನ್ನು ತಳ್ಳಬಾರದು ಎಂಬುದು ಐರನ್ ಮೇಡನ್ ತಂಡಕ್ಕೆ ಚೆನ್ನಾಗಿ ಗೊತ್ತು. 1985ರ ಅವರ ‘ಲೈವ್ ಆಫ್ಟರ್ ಡೆತ್’ ಆಲ್ಬಮ್ಮಿನ ಹೆಚ್ಚಿನ ಭಾಗ ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್‌ನದು, ಅದರ ಧ್ವನಿಮುದ್ರಣವೂ ಅದೇ ಮಾರ್ಟಿನ್ ಬರ್ಚ್‌ನದು. 2001ರ ಜನವರಿ 19ರಂದು ಬ್ರೆಜಿಲ್‌ನ ರಿಯೋದಲ್ಲಿ ಸುಮಾರು ಎರಡೂವರೆ ಲಕ್ಷ ಜನರ ಮುಂದೆ ನುಡಿಸಿದ್ದು ‘ರಾಕ್ ಇನ್ ರಿಯೋ’ ಎಂಬ ಆಲ್ಬಂ ಆಯಿತು. ಅಲ್ಲಿನ ಜನ ‘ಫಿಯರ್ ಆಫ್ ದ ಡಾರ್ಕ್’ ಹಾಡಿನ ಮಾತನ್ನಷ್ಟೇ ಹಾಡುವುದಿಲ್ಲ, ಗಿಟಾರಿನ ಧಾಟಿಯನ್ನೇ ಬಾಯಲ್ಲಿ ಎತ್ತಿಕೊಳ್ಳುತ್ತಾರೆ. ಒಂದು ಹಂತದಲ್ಲಿ ಗಿಟಾರು ಅವರ ಹಿಂದೆ ಬರುತ್ತಿದೆಯೇನೋ ಎನ್ನಿಸುತ್ತದೆ. ಮೈದಾನದ ಹಿಂದಿನ ಸಾಲಿಗೆ ವೇದಿಕೆಯ ಸದ್ದು ತಡವಾಗಿ ತಲುಪುವುದರಿಂದ ಅಷ್ಟು ಜನರ ದನಿ ಒಂದೇ ಗೆರೆಯಲ್ಲಿ ಇರುವುದು ಸಾಧ್ಯವೇ ಇಲ್ಲ. ಆ ಕೂಗಿನ ಅಂಚು ಕದಡಿದಂತೆ, ಅಗಲವಾಗಿ ಕೇಳುವುದು ಅದಕ್ಕೇ. ಯಾವ ಸ್ಟುಡಿಯೋದಲ್ಲೂ ಈ ಮೇಳ ಕಟ್ಟಲಾಗದು.

ಇವೆಲ್ಲ ಕಂಪನಿಗಳು ಹೊರತಂದ ರೆಕಾರ್ಡುಗಳು. ಇದರ ಕೆಳಗೆ ಇನ್ನೊಂದು ಲೋಕವಿದೆ, ಕದ್ದು ಮುದ್ರಿಸಿದ ಬೂಟ್‌ಲೆಗ್‌ಗಳದು. ದಿ ಹೂ ತಂಡ 1970ರಲ್ಲಿ ತನ್ನ ‘ಲೈವ್ ಅಟ್ ಲೀಡ್ಸ್’ ರೆಕಾರ್ಡಿಗೆ ಬೇಕೆಂದೇ ಬೂಟ್‌ಲೆಗ್‌ನ ಹಾಗೆ ಮುದ್ರೆ ಒತ್ತಿದ ಬಡಕಲು ರಟ್ಟಿನ ಹೊದಿಕೆ ಹಾಕಿತ್ತು. ಚಿಟಿಚಿಟಿ ಸದ್ದು ಇರಲಿ, ತಿದ್ದಬೇಡಿ ಎಂಬರ್ಥದ ಸೂಚನೆಯನ್ನು ಲೇಬಲ್ಲಿನ ಮೇಲೇ ಬರೆದಿತ್ತು. ಎಂಬತ್ತರ ದಶಕದ ಆರಂಭಕ್ಕೆ ಮೆಟಲ್ ಹುಡುಗರು ದೇಶ ದೇಶಗಳ ನಡುವೆ ಅಂಚೆಯಲ್ಲಿ ಕ್ಯಾಸೆಟ್ ಅದಲುಬದಲು ಮಾಡಿಕೊಳ್ಳುತ್ತಿದ್ದರು. ಮೆಟಾಲಿಕಾ ತಂಡದ ಹೆಸರು ಅದರ ಮೊದಲ ಆಲ್ಬಮ್ಮಿಗೂ ಮೊದಲೇ ಹರಡಿದ್ದು ಹೀಗೆ. ಅದರ ಡ್ರಮ್ಮರ್ ಲಾರ್ಸ್ ಉಲ್‌ರಿಕ್ ತಾನೇ ಅಂಥ ಕ್ಯಾಸೆಟ್ ವಿನಿಮಯದ ಹುಚ್ಚ. ಪ್ರತಿಯಿಂದ ಪ್ರತಿ ಮಾಡಿದಾಗಲೆಲ್ಲ ಸುಯ್ಯೆನ್ನುವ ಸದ್ದು ಒಂದು ಪದರ ಏರುತ್ತಿತ್ತು. 1986ರ ಸೆಪ್ಟೆಂಬರಿನಲ್ಲಿ ಅವರ ಬೇಸ್ ವಾದಕ ಕ್ಲಿಫ್ ಬರ್ಟನ್ ಸ್ವೀಡನ್ನಿನಲ್ಲಿ ಬಸ್ ಅಪಘಾತದಲ್ಲಿ ತೀರಿಕೊಂಡ. ಮರುವರ್ಷ ಅವನ ನೆನಪಿಗೆ ತಂಡ ಹೊರತಂದ ವಿಡಿಯೊ ‘ಕ್ಲಿಫ್ ಎಮ್ ಆಲ್’ನಲ್ಲಿ ಅಭಿಮಾನಿಗಳು ಕದ್ದು ತೆಗೆದಿದ್ದ ಅಲುಗಾಡುವ ದೃಶ್ಯಗಳೇ ಬಹಳ. ಕದ್ದ ಮಾಲಿಗೆ ಮಾಲೀಕರೇ ಬಂದು ಮುದ್ರೆ ಒತ್ತಿದಂತಾಯಿತು.

ಒರಟುತನದ ತುದಿ ಯಾವುದು ಎಂದು ಕೇಳಿದರೆ ನಾರ್ವೆಯ ಮೇಹೆಮ್ ತಂಡದ ‘ಲೈವ್ ಇನ್ ಲೈಪ್‌ಜಿಗ್’. 1990ರ ನವೆಂಬರ್ 26ರ ರಾತ್ರಿಯದು. ಲೈಪ್‌ಜಿಗ್ ಇದ್ದ ಪೂರ್ವ ಜರ್ಮನಿ ಪಶ್ಚಿಮದೊಡನೆ ಒಂದಾಗಿ ಎರಡು ತಿಂಗಳೂ ತುಂಬಿರಲಿಲ್ಲ. ಗಿಟಾರು ಗರಗಸ, ಬೇಸು ಹುಡುಕಬೇಕು, ಡ್ರಮ್ಮು ಎಲ್ಲೋ ಗೋಡೆಯಾಚೆ. ಅದು 1993ರಲ್ಲಿ ಹೊರಬರುವ ಹೊತ್ತಿಗೆ ಅಲ್ಲಿ ಹಾಡಿದ್ದ ತರುಣ ತೀರಿಕೊಂಡು ಎರಡು ವರ್ಷವಾಗಿತ್ತು. ಅವನು ಈ ತಂಡದೊಂದಿಗೆ ಸ್ಟುಡಿಯೋದಲ್ಲಿ ಹಾಡಿದ್ದು ತೀರ ಕಡಿಮೆಯಾದ್ದರಿಂದ ಬ್ಲ್ಯಾಕ್ ಮೆಟಲ್ ಎಂಬ ಈ ಕವಲಿನ ಕೇಳುಗರಿಗೆ ಇದನ್ನು ಬಿಟ್ಟರೆ ಗತಿಯಿಲ್ಲ. ಇದನ್ನು ಎಲ್ಲರಿಗೂ ಶಿಫಾರಸು ಮಾಡುವ ಧೈರ್ಯ ನನಗಿಲ್ಲ.

ನಮ್ಮ ಬೆಂಗಳೂರಿಗೂ ಈ ಕಥೆಯಲ್ಲಿ ಪಾಲಿದೆ. ಕ್ರಿಪ್ಟೋಸ್‌ನಂಥ ತಂಡ 1998ರಿಂದ ಇಲ್ಲಿ ಮೆಟಲ್ ನುಡಿಸುತ್ತಿದೆ. ಐರನ್ ಮೇಡನ್ ಭಾರತದಲ್ಲಿ ಮೊದಲು ನುಡಿಸಿದ್ದು 2007ರ ಮಾರ್ಚ್ 17ರಂದು ಇಲ್ಲಿನ ಅರಮನೆ ಮೈದಾನದಲ್ಲಿ. 2011ರ ಅಕ್ಟೋಬರಿನಲ್ಲಿ ದೆಹಲಿಯ ಪಕ್ಕದ ಗುರುಗ್ರಾಮದಲ್ಲಿ ನಡೆಯಬೇಕಿದ್ದ ಮೆಟಾಲಿಕಾ ಕಾರ್ಯಕ್ರಮ ರದ್ದಾಯಿತು. ಎರಡು ದಿನ ಬಿಟ್ಟು, 30ರಂದು ಅವರು ಅರಮನೆ ಮೈದಾನದಲ್ಲಿ ನುಡಿಸಿದರು. ಮೆಟಾಲಿಕಾ 2004ರಿಂದ ತನ್ನ ಕಾರ್ಯಕ್ರಮಗಳ ಧ್ವನಿಮುದ್ರಣವನ್ನು ಅಂತರ್ಜಾಲದಲ್ಲಿ ತಾನೇ ಮಾರುತ್ತದೆ, ಆ ಬೆಂಗಳೂರು ರಾತ್ರಿಯೂ ಅಲ್ಲಿದೆ. ಕದ್ದು ಮುದ್ರಿಸುವವರ ಕಸುಬನ್ನು ತಂಡವೇ ಕೈಗೆತ್ತಿಕೊಂಡಿತು.

ಮೊಬೈಲ್ ಬಂದ ಮೇಲೆ ಸಭೆಯಲ್ಲಿದ್ದವರೆಲ್ಲ ಧ್ವನಿಮುದ್ರಕರೇ. ಆದರೂ ಫೋನಿನ ವಿಡಿಯೊಗಳು ಹಳೆಯ ಟೇಪುಗಳ ಜಾಗ ತುಂಬುತ್ತಿಲ್ಲ. ಫೋನು ಸೋಲಲು ಒಪ್ಪುವುದಿಲ್ಲ, ಅದೇ ತೊಂದರೆ. ಸದ್ದು ಏರಿದ ಕೂಡಲೇ ಅದು ತಾನಾಗಿ ಗ್ರಹಣಶಕ್ತಿಯನ್ನು ತಗ್ಗಿಸಿಕೊಳ್ಳುತ್ತದೆ. ಡ್ರಮ್ಮಿನ ಏಟಿಗೆ ಉಳಿದೆಲ್ಲ ವಾದ್ಯ ಕುಸಿಯುತ್ತದೆ, ಏಟು ಮುಗಿದಾಗ ಮತ್ತೆ ಉಬ್ಬುತ್ತದೆ. ಇತ್ತ ಸ್ಟುಡಿಯೋದಲ್ಲಿ ಡ್ರಮ್ಮಿನ ಪ್ರತಿ ಏಟನ್ನೂ ಕಂಪ್ಯೂಟರಿನಲ್ಲಿ ಗೆರೆಗೆ ಕೂರಿಸುವುದು, ದುರ್ಬಲ ಏಟನ್ನು ಬೇರೆ ಸದ್ದಿನಿಂದ ಬದಲಿಸುವುದು ಈಗ ಸಾಮಾನ್ಯ. ಜೋರು ಬೇಕೆಂದು ಎಲ್ಲವನ್ನೂ ಹಿಂಡಿ ಒಂದೇ ಎತ್ತರಕ್ಕೆ ತರುವ ಚಾಳಿ ಬೇರೆ. 2008ರ ಮೆಟಾಲಿಕಾ ಆಲ್ಬಂ ‘ಡೆತ್ ಮ್ಯಾಗ್ನೆಟಿಕ್’ ಎಷ್ಟು ಹಿಂಡಿಹೋಗಿತ್ತೆಂದರೆ, ಅದೇ ಹಾಡುಗಳು ‘ಗಿಟಾರ್ ಹೀರೋ’ ಎಂಬ ವಿಡಿಯೊ ಗೇಮಿನಲ್ಲಿ ಹೆಚ್ಚು ಚೆನ್ನಾಗಿವೆ ಎಂದು ಅಭಿಮಾನಿಗಳೇ ಅತ್ತ ಓಡಿದರು. ಅಲ್ಲಿ ಯಂತ್ರ ಸೋತದ್ದು ನಿಜ, ಆದರೆ ಯಾರೋ ಕಂಪ್ಯೂಟರಿನ ಮುಂದೆ ಕೂತು ಸೋಲಿಸಿದ್ದು. ಕಿವಿಗೆ ಈ ವ್ಯತ್ಯಾಸ ತಿಳಿಯುತ್ತದೆ.

ಹೊಸದಾಗಿ ಕೇಳಲು ಹೊರಟವರು ‘ಮೇಡ್ ಇನ್ ಜಪಾನ್’ನಿಂದ ಶುರುಮಾಡಲಿ. ಮೂಲ ರೆಕಾರ್ಡಿನ ಏಳು ಹಾಡು ಸಾಕು, ಮುಂದೆ ಬಂದ ವಿಸ್ತೃತ ಆವೃತ್ತಿಗಳಿಗೆ ಆತುರವಿಲ್ಲ. ಅದು ಹಿಡಿಸಿದರೆ ಮೋಟರ್‌ಹೆಡ್, ಆಮೇಲೆ ಐರನ್ ಮೇಡನ್‌ನ ಲಾಂಗ್ ಬೀಚ್. ಲೈಪ್‌ಜಿಗ್ ಕೊನೆಗಿರಲಿ, ಅದೂ ಧೈರ್ಯವಿದ್ದರೆ. ಇಯರ್‌ಫೋನ್ ಬೇಡ, ದೊಡ್ಡ ಸ್ಪೀಕರಿನಲ್ಲಿ ಕೇಳಿ, ಪಕ್ಕದ ಮನೆಯವರಿಗೆ ಮೊದಲೇ ಒಂದು ಮಾತು ಹೇಳಿಬಿಡಿ.